ಕಟ್ಟಿದವರು, ಕಟ್ಟಿಸಿದವರು

ಕನ್ನಡ ವ್ಯಾಕರಣದಲ್ಲಿ 'ಇಸು' ಎಂಬ ಪುಟ್ಟ ಪ್ರತ್ಯಯವೊಂದಿದೆ. ಮಾಡು ಎಂಬುದು ಮಾಡಿಸು ಆಗುತ್ತದೆ, ಓಡು ಎಂಬುದು ಓಡಿಸು ಆಗುತ್ತದೆ. ಪ್ರೇರಣಾರ್ಥಕ ಎಂದು ಅದಕ್ಕೆ ಹೆಸರು. ಕನ್ನಡ ನನ್ನ ವಿಷಯ. ಸಮಾಜದ ಮೇಷ್ಟ್ರು ರಜೆ ಹಾಕಿದಾಗ ಆ ತರಗತಿಯೂ ನನ್ನ ತಲೆಗೇ ಬರುತ್ತದೆ. ಹಾಗೆ ಎರಡೂ ಪಾಠಗಳನ್ನು ಹೇಳುತ್ತಾ ಹೇಳುತ್ತಾ ಎಷ್ಟೋ ವರ್ಷ ಒಂದೇ ತಪ್ಪನ್ನು ಕೆಂಪು ಶಾಯಿಯಲ್ಲಿ ತಿದ್ದಿದ್ದೇನೆ. ಮಕ್ಕಳು 'ವಿಷ್ಣುವರ್ಧನನು ಬೇಲೂರಿನಲ್ಲಿ ಚೆನ್ನಕೇಶವ ದೇವಾಲಯವನ್ನು ಕಟ್ಟಿದನು' ಎಂದು ಬರೆಯುತ್ತಾರೆ. ನಾನು 'ಕಟ್ಟಿ'ಯ ಪಕ್ಕದಲ್ಲಿ ಒಂದು 'ಸಿ' ಸೇರಿಸುತ್ತೇನೆ. ಕಟ್ಟಿಸಿದನು. ಅಷ್ಟಕ್ಕೆ ತಪ್ಪು ಸರಿಹೋಯಿತು ಎಂದುಕೊಂಡು ಮುಂದಿನ ಹಾಳೆ ತಿರುಗಿಸುತ್ತಿದ್ದೆ.

ಆ ಒಂದು 'ಸಿ' ಒಳಗೆ ಎಷ್ಟು ಜನರನ್ನು ನಾವು ಕೂಡಿಹಾಕಿದ್ದೇವೆ ಎಂದು ನನಗೆ ಹೊಳೆದದ್ದು ಬಹಳ ತಡವಾಗಿ. ಅದೂ ಪುಸ್ತಕ ಓದಿ ಅಲ್ಲ, ಹಳೇಬೀಡಿನಲ್ಲಿ ಎಂಟನೇ ತರಗತಿಯ ಹುಡುಗಿಯೊಬ್ಬಳ ಬಾಯಿಂದ.

ಅರಸೀಕೆರೆಯ ಶಾಲೆಗಳಿಗೆ ಪ್ರವಾಸ ಎಂದರೆ ಬೇಲೂರು ಹಳೇಬೀಡು. ಬೆಳಿಗ್ಗೆ ಚಿತ್ರಾನ್ನ ಕಟ್ಟಿಕೊಂಡು ಹೊರಟರೆ ರಾತ್ರಿಗೆ ಮನೆ. ಆ ವರ್ಷ ಹೊಯ್ಸಳೇಶ್ವರ ಗುಡಿಯ ಆನೆಗಳನ್ನೆಲ್ಲ ಎಣಿಸಿ ಸುಸ್ತಾದ ಮಕ್ಕಳು ದಕ್ಷಿಣದ ಬದಿಗೆ ಬಂದು ಅಲ್ಲಿನ ಕಂಬವೊಂದರ ಹತ್ತಿರ ನಿಂತಿದ್ದರು. ನೀವೂ ಆ ಕಂಬವನ್ನು ನೋಡಿರುತ್ತೀರಿ, ನೋಡಿಯೂ ನೋಡದೆ ದಾಟಿರುತ್ತೀರಿ. ಕುವರ ಲಕ್ಷ್ಮನ ಗರುಡಗಂಬ ಅದು. ಇಮ್ಮಡಿ ವೀರಬಲ್ಲಾಳ 1220ರಲ್ಲಿ ತೀರಿಕೊಂಡಾಗ ಅವನ ಜೊತೆಗೇ ಸಾಯುತ್ತೇವೆಂದು ಆಣೆಯಿಟ್ಟಿದ್ದ ಕುವರ ಲಕ್ಷ್ಮನೂ ಅವನ ಹೆಂಡತಿ ಸುಗ್ಗಲದೇವಿಯೂ ಅವರ ಗರುಡರೂ ಪ್ರಾಣ ಕೊಟ್ಟರೆಂದು ಅಲ್ಲಿ ಬರೆದಿದೆ. ಬರಹ ಓದಲು ಬಾರದವರಿಗೆ ಚಿತ್ರವೂ ಇದೆ. ಕಂಬದ ಮೇಲಿನ ಗಂಡಸರು ಕತ್ತಿ ಹಿಡಿದು ತಮ್ಮ ತಲೆಯನ್ನು ತಾವೇ ಕಡಿದುಕೊಳ್ಳುತ್ತಿದ್ದಾರೆ.

ನಾನು ಯಥಾಪ್ರಕಾರ ಸ್ವಾಮಿನಿಷ್ಠೆಯ ಬಗ್ಗೆ ನಾಲ್ಕು ಮಾತು ಹೇಳಿದೆ. ಆ ಹುಡುಗಿ ಕೇಳಿದಳು, "ಸುಗ್ಗಲದೇವೀನ ಯಾರಾದ್ರೂ ಕೇಳಿದ್ರಾ ಮಿಸ್?"

ಏನು ಕೇಳಬೇಕಿತ್ತು ಎಂದೆ.

"ಸಾಯ್ತೀಯಾ ಅಂತ."

ನನ್ನಲ್ಲಿ ಉತ್ತರವಿರಲಿಲ್ಲ. ಬಸ್ಸಿಗೆ ಹೊತ್ತಾಯಿತು ಎಂದು ಎಲ್ಲರನ್ನೂ ಹೊರಡಿಸಿದೆ. ಟೀಚರುಗಳಿಗೆ ಈ ಬಸ್ಸು, ಗಂಟೆ, ಪೀರಿಯಡ್ಡು ಎಷ್ಟು ಸಲ ಮಾನ ಉಳಿಸಿವೆಯೋ ದೇವರಿಗೇ ಗೊತ್ತು.

ಅಂದಿನಿಂದ ನಾನು ಆ ಗುಡಿಗಳನ್ನು ಬೇರೆ ಕಣ್ಣಿನಿಂದ ನೋಡತೊಡಗಿದೆ. ಈಗ ನಾನು ಹೇಳಹೊರಟಿರುವುದನ್ನು ಕೇಳಿ ನಮ್ಮ ಜಿಲ್ಲೆಯವರಿಗೆ ಸಿಟ್ಟು ಬರಬಹುದು. 2023ರಲ್ಲಿ ಯುನೆಸ್ಕೋದವರು ಬೇಲೂರು, ಹಳೇಬೀಡು, ಸೋಮನಾಥಪುರಗಳನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿದಾಗ ಪಟಾಕಿ ಹೊಡೆದ ಜನ ನಾವು. ನಾನೂ ಸ್ಟಾಫ್ ರೂಮಿನಲ್ಲಿ ಮೈಸೂರುಪಾಕು ಹಂಚಿದವಳೇ. ಆದರೂ ಹೇಳಬೇಕು. ಆ ಗುಡಿಗಳು ಭಕ್ತಿಯಿಂದ ಮಾತ್ರ ಎದ್ದವಲ್ಲ. ನಾನು ಗೆದ್ದೆ ಎಂದು ಊರಿಗೆಲ್ಲ ಸಾರುವುದಕ್ಕೂ ಎದ್ದವು.

ಬೇಲೂರಿನ ದೇವರಿಗೆ ಮೊದಲು ಇಟ್ಟ ಹೆಸರೇ ವಿಜಯನಾರಾಯಣ. ವಿಷ್ಣುವರ್ಧನ ಚೋಳರಿಂದ ತಲಕಾಡನ್ನು ಕಿತ್ತುಕೊಂಡದ್ದು 1116ರಲ್ಲಿ, ಬೇಲೂರಿನಲ್ಲಿ ಪ್ರತಿಷ್ಠೆ ನಡೆದದ್ದು 1117ರಲ್ಲಿ. ತಲಕಾಡುಗೊಂಡ ಎಂದು ಬಿರುದು ಧರಿಸಿದ, ಅದನ್ನೇ ನಾಣ್ಯದ ಮೇಲೆ ಒತ್ತಿಸಿದ. ಕೈಗೆ ಬರುವ ಹಣದ ಮೇಲೂ ಕೈ ಮುಗಿಯುವ ದೇವರ ಮೇಲೂ ಅದೇ ಗೆಲುವು. ಜನ ಎಲ್ಲಿಗೆ ಹೋಗಬೇಕು ಹೇಳಿ? ಗುಡಿಗೆ ಹೊಕ್ಕುವ ಪೂರ್ವದ ಬಾಗಿಲ ಅಕ್ಕಪಕ್ಕದ ಜಾಲಂಧ್ರದಲ್ಲಿ ರಾಜನ ದರ್ಬಾರನ್ನೇ ಕೆತ್ತಿದ್ದಾರೆ. ದೇವರ ದರ್ಶನಕ್ಕೆ ಹೋಗುವವರು ಮೊದಲು ದೊರೆಯ ಮುಂದೆ ಹಾಯಬೇಕು. ಮೆಟ್ಟಿಲ ಬದಿಯಲ್ಲಿ ಹೊಯ್ಸಳ ಲಾಂಛನ, ಸಳ ಮೃಗವನ್ನು ಇರಿಯುತ್ತಿರುವುದು. ಈಗಿನ ಭಾಷೆಯಲ್ಲಿ ಹೇಳುವುದಾದರೆ ದೇವಸ್ಥಾನದ ಬಾಗಿಲಿಗೇ ಪಕ್ಷದ ಚಿಹ್ನೆ ಅಂಟಿಸಿದ ಹಾಗೆ.

ಹಳೇಬೀಡಿನ ಬಸದಿಹಳ್ಳಿಗೆ ಹೋದರೂ ಅದೇ ಕಥೆ. ದಂಡನಾಯಕ ಗಂಗರಾಜ ತೀರಿಕೊಂಡ ಮೇಲೆ ಅವನ ಮಗ ಬೊಪ್ಪ ತಂದೆಯ ನೆನಪಿಗೆಂದು 1133ರಲ್ಲಿ ಪಾರ್ಶ್ವನಾಥ ಬಸದಿ ಮಾಡಿಸಿದ. ಅಪ್ಪನನ್ನು ಕಳೆದುಕೊಂಡ ಮಗನ ಕೆಲಸ ಅದು. ಅರ್ಚಕರು ಪ್ರಸಾದ ಹಿಡಿದು ರಾಜನಲ್ಲಿಗೆ ಹೋದರು. ಅವನು ಆಗಷ್ಟೇ ಯುದ್ಧ ಗೆದ್ದಿದ್ದ, ಮಗನೂ ಹುಟ್ಟಿದ್ದ. ಆ ಸಂತೋಷಕ್ಕೆ ದೇವರಿಗೆ ವಿಜಯ ಪಾರ್ಶ್ವದೇವ ಎಂದೂ ಮಗುವಿಗೆ ವಿಜಯ ನರಸಿಂಹ ಎಂದೂ ಹೆಸರಾಯಿತು. ಅಹಿಂಸೆಯೇ ಪರಮ ಧರ್ಮ ಎಂದ ತೀರ್ಥಂಕರನ ಹೆಸರಿನ ಮುಂದೆ ಯುದ್ಧದ ಗೆಲುವು ಬಂದು ಕೂತಿತು. ಸತ್ತ ಗಂಗರಾಜ ಬದಿಗೆ ಸರಿದ. ಹೊಯ್ಸಳೇಶ್ವರ ಗುಡಿಯೂ ಹಾಗೆಯೇ. 1121ರ ಹೊತ್ತಿಗೆ ಅದನ್ನು ಆರಂಭಿಸಿದವನು ಕೇತಮಲ್ಲನೆಂಬ ಅಧಿಕಾರಿ. ಒಳಗಿನ ಲಿಂಗಗಳಿಗೆ ಇಟ್ಟ ಹೆಸರು ಹೊಯ್ಸಳೇಶ್ವರ, ಶಾಂತಲೇಶ್ವರ. ಮೇಲಧಿಕಾರಿಯ ಮನಸ್ಸು ಹಿಡಿಯುವ ಕಲೆ ನಮ್ಮ ಕಾಲದವರು ಕಂಡುಹಿಡಿದದ್ದಲ್ಲ.

ಶಾಂತಲೆಯ ಹೆಸರು ಬಂದದ್ದರಿಂದ ಒಂದು ಮಾತು. ಅವಳ ಮೇಲಿನ ದಪ್ಪ ಕಾದಂಬರಿಗಳನ್ನು ಲೈಬ್ರರಿಯಿಂದ ತಂದು ರಾತ್ರಿಯೆಲ್ಲ ಓದಿದ ತಲೆಮಾರು ನಮ್ಮದು. ನರ್ತಕಿ, ಸೌಂದರ್ಯವತಿ, ಆದರ್ಶ ಪತ್ನಿ ಎಂದು ಕಣ್ಣಿಗೆ ಕಟ್ಟಿದ್ದ ಆ ಶಾಂತಲೆ 1123ರಲ್ಲಿ ಶ್ರವಣಬೆಳಗೊಳದಲ್ಲಿ ಕಟ್ಟಿಸಿದ ಬಸದಿಯ ಹೆಸರೇನು ಗೊತ್ತೇ? ಸವತಿಗಂಧವಾರಣ ಬಸದಿ. ಸವತಿಯರೆಂಬವರಿಗೆ ಮದ್ದಾನೆ ಎಂದರ್ಥ. ಅದು ಅವಳ ಬಿರುದು. ಗಂಡ ಚೋಳರನ್ನು ಗೆದ್ದು ಗುಡಿ ಕಟ್ಟಿಸಿದ, ಹೆಂಡತಿ ಸವತಿಯರನ್ನು ಗೆದ್ದು ಬಸದಿ ಕಟ್ಟಿಸಿದಳು. ನಗು ಬರುತ್ತದೆ, ಆಮೇಲೆ ಸಂಕಟವಾಗುತ್ತದೆ. ಅರಮನೆಯೊಳಗೆ ಹೆಣ್ಣಿಗೆ ದಕ್ಕಿದ್ದ ರಣರಂಗ ಅದೊಂದೇ. 1131ರಲ್ಲಿ ಶಿವಗಂಗೆಯಲ್ಲಿ ಅವಳು ಸಲ್ಲೇಖನದಿಂದ ದೇಹ ಬಿಟ್ಟಳು. ಮಗಳ ಹಿಂದೆಯೇ ತಾಯಿ ಮಾಚಿಕಬ್ಬೆಯೂ ಹಾಗೆಯೇ ಹೋದಳು. ಪ್ರವಾಸದಲ್ಲಿ ಗೈಡುಗಳು ಇದಾವುದನ್ನೂ ಹೇಳುವುದಿಲ್ಲ. ದರ್ಪಣ ಸುಂದರಿಯನ್ನು ತೋರಿಸಿ ಇವಳೇ ಶಾಂತಲೆ ಎನ್ನುತ್ತಾರೆ.

ಗುಡಿಯ ಖರ್ಚಿಗೆ ಹಳ್ಳಿಗಳನ್ನು ದತ್ತಿ ಬಿಟ್ಟನು ಎಂದು ಶಾಸನಗಳಲ್ಲಿ ಬರುತ್ತದೆ. ದತ್ತಿ ಎಂಬುದು ಎಷ್ಟು ಚೆಂದದ ಮಾತು! ರಾಜ ಕೊಟ್ಟದ್ದು ತನ್ನ ಮನೆಯ ಪೆಟ್ಟಿಗೆಯಿಂದಲ್ಲ. ಆ ಹಳ್ಳಿಯವರು ಬೆಳೆದ ಭತ್ತ, ಆಡಿಸಿದ ಎಣ್ಣೆ, ತೆತ್ತ ಸುಂಕ. ಕೊಟ್ಟವರ ಹೆಸರು ಕಲ್ಲಿನ ಮೇಲಿಲ್ಲ, ಕೊಡಿಸಿದವನ ಹೆಸರಿದೆ. ನೋಡಿ, ಇಲ್ಲೂ ಅದೇ 'ಇಸು'.

ನಮ್ಮ ಶಾಲೆಗೆ ಹೊಸದಾಗಿ ಬಂದ ತರುಣ ಮೇಷ್ಟ್ರೊಬ್ಬರು ಇದನ್ನೆಲ್ಲ ಕೇಳಿ, "ಹಾಗಾದರೆ ಮೇಡಂ, ವಿಷ್ಣುವರ್ಧನನೂ ಹಿಟ್ಲರನೂ ಒಂದೇ" ಎಂದುಬಿಟ್ಟರು. ಇಲ್ಲಪ್ಪಾ, ಒಂದೇ ಅಲ್ಲ. ಓದಿಕೊಂಡವರಿಗೆ ಹೀಗೆ ಎಲ್ಲವನ್ನೂ ಒಂದೇ ಚೀಲಕ್ಕೆ ತುಂಬುವ ಚಪಲ. ಆ ವಿಷಯವನ್ನು ನಾನೂ ಸ್ವಲ್ಪ ಓದಿದ್ದೇನೆ.

ಹಿಟ್ಲರನಿಗೆ ಕಟ್ಟಡದ ಹುಚ್ಚು. ಆಲ್ಬರ್ಟ್ ಸ್ಪೀರ್ ಎಂಬ ವಾಸ್ತುಶಿಲ್ಪಿಯನ್ನು ಕೂರಿಸಿಕೊಂಡು ಬರ್ಲಿನ್ ನಗರವನ್ನೇ ಹೊಸದಾಗಿ ಕಟ್ಟಲು ಹೊರಟಿದ್ದ. ಒಂದೂವರೆ ಲಕ್ಷಕ್ಕೂ ಹೆಚ್ಚು ಜನ ಒಟ್ಟಿಗೆ ನಿಲ್ಲುವಂಥ ಗುಮ್ಮಟದ ಸಭಾಂಗಣ, ಅದರ ಎತ್ತರ 290 ಮೀಟರ್. ಯುದ್ಧದಲ್ಲಿ ಸೋತದ್ದರಿಂದ ಅದು ಏಳಲಿಲ್ಲ. 1939ರಲ್ಲಿ ಎದ್ದು ನಿಂತ ಹೊಸ ಚಾನ್ಸಲರಿ ಕಟ್ಟಡದಲ್ಲಿ 146 ಮೀಟರ್ ಉದ್ದದ ಅಮೃತಶಿಲೆಯ ಹಜಾರವಿತ್ತು. ಬೇರೆ ದೇಶಗಳ ರಾಯಭಾರಿಗಳು ಹಿಟ್ಲರನನ್ನು ಕಾಣಬೇಕಾದರೆ ಆ ಜಾರುವ ನೆಲದ ಮೇಲೆ ಅಷ್ಟುದ್ದ ನಡೆದು ಬರಬೇಕಿತ್ತು. ಜಾರಲಿ ಎಂಬುದೇ ಅವನ ಆಸೆ, ಅದಕ್ಕೇ ಜಮಖಾನ ಹಾಸಗೊಡಲಿಲ್ಲ. ಒಳಗೆ ಹೋಗುವ ಮೊದಲೇ ಮನುಷ್ಯ ಕಾಲು ನಡುಗಿ ಸಣ್ಣವನಾಗಬೇಕು. ಇಂಥ ಕಟ್ಟಡಗಳಿಗೆ ಬೇಕಾದ ಗ್ರಾನೈಟ್ ಕಲ್ಲಿಗಾಗಿಯೇ ಫ್ಲೋಸೆನ್‌ಬರ್ಗ್, ಮೌಟ್‌ಹೌಸೆನ್ ಎಂಬಲ್ಲಿ 1938ರಲ್ಲಿ ಕ್ವಾರಿಗಳ ಪಕ್ಕದಲ್ಲೇ ಸೆರೆ ಶಿಬಿರಗಳನ್ನು ತೆರೆದರು. ಮೌಟ್‌ಹೌಸೆನ್ನಿನ ಕ್ವಾರಿಯಲ್ಲಿ 186 ಮೆಟ್ಟಿಲು. ಹೊಟ್ಟೆಗಿಲ್ಲದ ಕೈದಿಗಳು ಬೆನ್ನ ಮೇಲೆ ಕಲ್ಲು ಹೊತ್ತು ಅದನ್ನು ಹತ್ತಬೇಕಿತ್ತು. ಹತ್ತುತ್ತಲೇ ಸತ್ತವರು ಎಷ್ಟೋ ಜನ. ಅಲ್ಲಿ ಕಲ್ಲು ಒಡೆದವರು ತಮ್ಮ ಹೆಸರು ಕೆತ್ತುವುದಿರಲಿ, ಅವರಿಗೆ ಹೆಸರೇ ಇರಲಿಲ್ಲ, ನಂಬರು ಇತ್ತು.

ರೊಮೇನಿಯಾದ ಚೌಷೆಸ್ಕುವಿನದು ಇನ್ನೊಂದು ಕಥೆ. 1984ರಲ್ಲಿ ಬುಖಾರೆಸ್ಟಿನಲ್ಲಿ ಅರಮನೆಯಂಥ ಕಟ್ಟಡಕ್ಕೆ ಅಡಿಗಲ್ಲು ಹಾಕಿದ. ಅದಕ್ಕೂ ಅದರ ಮುಂದಿನ ರಾಜಬೀದಿಗೂ ಜಾಗ ಬೇಕೆಂದು ಹಳೆಯ ಬೀದಿಗಳನ್ನೂ ಚರ್ಚುಗಳನ್ನೂ ನೆಲಸಮ ಮಾಡಿ ಸುಮಾರು 40,000 ಜನರನ್ನು ಎಬ್ಬಿಸಿದರು. ಹೊರಗೆ ಹೆಂಗಸರು ರೇಷನ್ನಿನ ಮಾಂಸಕ್ಕೂ ಬ್ರೆಡ್ಡಿಗೂ ಕ್ಯೂ ನಿಂತಿದ್ದರು, ಚಳಿಗಾಲದಲ್ಲಿ ಮನೆಗಳಿಗೆ ಸಾಕಷ್ಟು ಶಾಖವಿರಲಿಲ್ಲ. ಕಟ್ಟಡ ಮುಗಿಯುವ ಮೊದಲೇ, 1989ರ ಕ್ರಿಸ್‌ಮಸ್ ದಿನ, ಅವನನ್ನೂ ಹೆಂಡತಿ ಎಲೆನಾಳನ್ನೂ ಗುಂಡಿಕ್ಕಿ ಕೊಂದರು. ಆ ಕಟ್ಟಡದ ಮುಖ್ಯ ವಾಸ್ತುಶಿಲ್ಪಿ ಒಬ್ಬ ಹೆಂಗಸು, ಆಂಕಾ ಪೆಟ್ರೆಸ್ಕು. ಹೆಣ್ಣಿನ ಕೈಗೆ ಕೊಟ್ಟರೆ ಎಲ್ಲವೂ ಹಿತಮಿತವಾಗಿರುತ್ತದೆ ಎಂದು ಭಾಷಣ ಮಾಡುವ ನಮ್ಮ ಮಹಿಳಾ ಸಮಾಜದವರು ಇದನ್ನು ಗಮನಿಸಬೇಕು.

ಇವುಗಳ ಪಕ್ಕದಲ್ಲಿ ಬೇಲೂರನ್ನು ಇಟ್ಟು ನೋಡಿ. ಬೇಲೂರಿನ ಗುಡಿ ಮನುಷ್ಯನನ್ನು ಕುಗ್ಗಿಸುವುದಿಲ್ಲ, ಹತ್ತಿರಕ್ಕೆ ಕರೆಯುತ್ತದೆ. ಆನೆ, ಕುದುರೆ, ಬಳ್ಳಿ ಎಲ್ಲ ನಮ್ಮ ಕೈಗೆಟುಕುವ ಎತ್ತರದಲ್ಲೇ ಇವೆ. ಜಗತಿಯ ಮೇಲೆ ಸುತ್ತುತ್ತಾ ಹೋದರೆ ನೋಡುವವರ ಹೆಜ್ಜೆ ತಾನಾಗಿ ನಿಧಾನವಾಗುತ್ತದೆ. ಕಲ್ಲು ಕೂಡ ನಮ್ಮ ಬಳಪದ ಕಲ್ಲು, ಸ್ಲೇಟಿನ ಮೇಲೆ ಅ ಆ ಬರೆದ ಅದೇ ಜಾತಿಯ ಕಲ್ಲು. ಗಣಿಯಿಂದ ತೆಗೆದಾಗ ಮೆತ್ತಗೆ, ಗಾಳಿ ತಾಕುತ್ತಾ ಗಟ್ಟಿ. ನಮ್ಮೂರಿನ ಈಶ್ವರ ಗುಡಿಯಂತೂ ಇನ್ನೂ ಸರಳ. 1220ರ ಸುಮಾರಿನದು, ಹದಿನಾರು ಮೂಲೆಯ ನಕ್ಷತ್ರದಂಥ ತೆರೆದ ಮಂಟಪ. ಸುತ್ತ ಒರಗಿ ಕೂರಲು ಕಲ್ಲಿನ ಜಗಲಿ. ಬೇಸಿಗೆಯ ಮಧ್ಯಾಹ್ನ ಅಲ್ಲಿ ಕೂತರೆ ಎದ್ದು ಬರುವ ಮನಸ್ಸಾಗುವುದಿಲ್ಲ. ಹಿಟ್ಲರನ ಹಜಾರದಲ್ಲಿ ಸುಂಕದವಳೊಬ್ಬಳು ಕೊಬ್ಬರಿ ಮಾರಿ ಬಂದು ಕಾಲು ಚಾಚಿ ಕೂರುವುದನ್ನು ಊಹಿಸಿ ನೋಡಿ!

ಎಲ್ಲಕ್ಕಿಂತ ದೊಡ್ಡ ವ್ಯತ್ಯಾಸ ಹೆಸರುಗಳದು. ಬೇಲೂರಿನ ಮದನಿಕೆಯರ ಅಡಿಯಲ್ಲಿ ಕೆತ್ತಿದವರ ಹೆಸರುಗಳಿವೆ. ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ. ಬರೀ ಹೆಸರಲ್ಲ, ರಾಜನ ಹಾಗೆ ತಮಗೂ ಬಿರುದು ಹಾಕಿಕೊಂಡಿದ್ದಾರೆ, ಬೇರೆ ಶಿಲ್ಪಿಗಳ ಗಂಡ ಎನ್ನುವ ಧಾಟಿಯಲ್ಲಿ. ಮುಂದಿನ ಶತಮಾನದ ಮಲ್ಲಿತಮ್ಮ ನುಗ್ಗೇಹಳ್ಳಿಯಲ್ಲಿ, ಸೋಮನಾಥಪುರದಲ್ಲಿ, ನಮ್ಮ ತಾಲ್ಲೂಕಿನ ಜಾವಗಲ್ಲಿನಲ್ಲಿ ತನ್ನ ಗುರುತು ಬಿಟ್ಟಿದ್ದಾನೆ. (ಜಾವಗಲ್ ಎಂದರೆ ನಮ್ಮ ಮಕ್ಕಳಿಗೆ ಕ್ರಿಕೆಟ್ ಆಟಗಾರನ ಹೆಸರಿನ ಮುಂದಿರುವ ಊರು, ಅಷ್ಟೇ.) ರಾಜನ ಗುಡಿಯ ಗೋಡೆಯ ಮೇಲೆ ಕೂಲಿಯವನು ಸಹಿ ಹಾಕಿದ, ರಾಜ ಅಳಿಸಲಿಲ್ಲ. ವಿಷ್ಣುವರ್ಧನನಿಗೆ ನಾನು ಕೊಡುವ ಅಂಕ ಇದಕ್ಕೆ, ಗುಡಿ ಕಟ್ಟಿಸಿದ್ದಕ್ಕಲ್ಲ.

ಆ ಸಹಿಗಳನ್ನು ಅಳಿಸಿದವರು ನಾವು. ದಾಸೋಜ, ಚಾವಣ ಎಂದರೆ ಯಾರಿಗೂ ಗೊತ್ತಿಲ್ಲ. ಎಲ್ಲರ ಬಾಯಲ್ಲಿ ಜಕಣಾಚಾರಿ, ಡಂಕಣಾಚಾರಿ, ಕಪ್ಪೆಯ ಕಥೆ. ಕಥೆ ಚೆನ್ನಾಗಿಯೇ ಇದೆ, ಬೇಡ ಎನ್ನುವುದಿಲ್ಲ. ಆದರೆ ಕಲ್ಲಿನ ಮೇಲೆ ಬರೆದಿಟ್ಟ ಹೆಸರು ಬಿಟ್ಟು ಕಥೆಯ ಹೆಸರನ್ನೇ ಕಂಠಪಾಠ ಮಾಡಿಸುವುದು ಯಾವ ನ್ಯಾಯ?

ಇನ್ನು ರಾಜರ ಕಾಲ ಮುಗಿಯಿತಲ್ಲ ಎನ್ನುವವರಿಗೆ ವಿಧಾನಸೌಧದ ಮಾತು. 1951ರಲ್ಲಿ ನೆಹರೂ ಅಡಿಗಲ್ಲು ಹಾಕಿದರು, ಕೆಂಗಲ್ ಹನುಮಂತಯ್ಯನವರು ಮುಖ್ಯಮಂತ್ರಿಯಾಗಿ 1952ರಿಂದ 1956ರವರೆಗೆ ಹಿಡಿದ ಪಟ್ಟು ಬಿಡದೆ ಅದನ್ನು ದೊಡ್ಡದಾಗಿ ಕಟ್ಟಿಸಿದರು. ರಷ್ಯಾದಿಂದ ಬಂದ ಸಾಂಸ್ಕೃತಿಕ ನಿಯೋಗದವರು ಬೆಂಗಳೂರು ಸುತ್ತಿ, ನಿಮಗೆ ನಿಮ್ಮದೇ ವಾಸ್ತುಶಿಲ್ಪವಿಲ್ಲವೇ ಎಂದು ಕೇಳಿದ್ದು ಮನಸ್ಸಿಗೆ ನಾಟಿತು ಎಂದು ಅವರು ಹೇಳಿಕೊಂಡಿದ್ದರು. ಕೇಳಿದವರು ಯಾರು ನೋಡಿ. ಸ್ಟಾಲಿನ್ನನ ಕಾಲದ ರಷ್ಯನ್ನರು! 1931ರಲ್ಲಿ ಮಾಸ್ಕೋದ ದೊಡ್ಡ ಚರ್ಚನ್ನು ಉರುಳಿಸಿ ಅಲ್ಲಿ 400 ಮೀಟರಿಗೂ ಎತ್ತರದ ಸೋವಿಯತ್ ಅರಮನೆ ಕಟ್ಟುತ್ತೇವೆಂದು ಹೊರಟು, ಕಟ್ಟಲಾಗದೆ, ಕೊನೆಗೆ ಆ ಹಳ್ಳದಲ್ಲಿ ಈಜುಕೊಳ ಮಾಡಿಕೊಂಡ ದೇಶದವರು.

ವಿಧಾನಸೌಧದ ಕೆಲಸಕ್ಕೆ ಐದು ಸಾವಿರ ಕೂಲಿಯಾಳುಗಳು, ಸಾವಿರದೈನೂರು ಕಲ್ಲುಕುಟಿಗರು ಮತ್ತು ಮರಗೆಲಸದವರು ದುಡಿದರೆಂದು ಲೆಕ್ಕ ಹೇಳುತ್ತಾರೆ. ಅವರಲ್ಲಿ ಜೈಲಿನ ಕೈದಿಗಳೂ ಇದ್ದರು. ಮುಂಬಾಗಿಲಲ್ಲಿ 40 ಅಡಿಯ 12 ಕಂಬ, ಹತ್ತಿ ಹೋಗಲು 45 ಮೆಟ್ಟಿಲು, ಮೇಲೆ 'ಸರ್ಕಾರದ ಕೆಲಸ ದೇವರ ಕೆಲಸ' ಎಂಬ ಬರಹ. ಈ ಬರಹವನ್ನು ನಾವೆಲ್ಲ ಒಳ್ಳೆಯ ಅರ್ಥದಲ್ಲೇ ಓದುತ್ತೇವೆ. ಗುಮಾಸ್ತ ಲಂಚ ತಿನ್ನದೆ ಭಕ್ತಿಯಿಂದ ಕೆಲಸ ಮಾಡಲಿ ಎಂದು. ನನಗೋ ಬೇಲೂರಿನ ಬಾಗಿಲ ದರ್ಬಾರು ನೆನಪಾಗುತ್ತದೆ. ಸರ್ಕಾರದ ಕೆಲಸ ಸರ್ಕಾರದ ಕೆಲಸವಾಗಿದ್ದರೆ ಏಕೆ ಮಾಡಲಿಲ್ಲ ಎಂದು ಕೇಳಬಹುದು. ದೇವರ ಕೆಲಸವಾದರೆ ಕೈ ಮುಗಿಯುವುದಷ್ಟೇ. ಪಿಂಚಣಿಗಾಗಿ ಆಫೀಸಿನ ಬೆಂಚಿನ ಮೇಲೆ ಮೂರು ತಿಂಗಳು ಕೂತ ವಿಧವೆಯರನ್ನು ಕೇಳಿ, ಅವರು ಮಾಡುತ್ತಿರುವುದು ಅರ್ಜಿಯೋ ಪ್ರಾರ್ಥನೆಯೋ ಎಂದು.

ಆದರೆ ನ್ಯಾಯವಾಗಿ ಇನ್ನೊಂದನ್ನೂ ಹೇಳಬೇಕು. ಹನುಮಂತಯ್ಯನವರನ್ನು ಜನ ಕೇಳಿದರು. ಇಷ್ಟು ದುಡ್ಡೇಕೆ ಎಂದು ಟೀಕೆ ಎದ್ದಿತು. 1956ರ ಆಗಸ್ಟಿನಲ್ಲಿ, ಕಟ್ಟಡ ಮುಗಿಯುವ ಹೊತ್ತಿಗೇ, ಅವರು ಕುರ್ಚಿ ಬಿಡಬೇಕಾಯಿತು. ಕಟ್ಟಿಸಿದವರು ಅಲ್ಲಿ ಮುಖ್ಯಮಂತ್ರಿಯಾಗಿ ಕೂರಲಿಲ್ಲ. ವಿಷ್ಣುವರ್ಧನನನ್ನು ಹೀಗೆ ಕೇಳುವ ಸಭೆ ಇರಲಿಲ್ಲ, ಹಿಟ್ಲರನ ಸಭೆಯಲ್ಲಿ ಕೇಳುವ ಬಾಯಿ ಇರಲಿಲ್ಲ. ವಿಧಾನಸೌಧದ ಬಗ್ಗೆ ನಾನು ಹೆಮ್ಮೆ ಪಡುವುದಾದರೆ ಅದರ ಗುಮ್ಮಟಕ್ಕಲ್ಲ, ಆ ಲೆಕ್ಕ ಕೇಳಿದ್ದಕ್ಕೆ.

ಈಗ ಲೆಕ್ಕ ಕೇಳುವವರು ಕಡಿಮೆಯಾಗಿದ್ದಾರೆ. 2018ರಲ್ಲಿ ಗುಜರಾತಿನಲ್ಲಿ 182 ಮೀಟರಿನ ಪಟೇಲರ ಪ್ರತಿಮೆ, 2022ರಲ್ಲಿ ಬೆಂಗಳೂರಿನ ವಿಮಾನ ನಿಲ್ದಾಣದಲ್ಲಿ 108 ಅಡಿಯ ಕೆಂಪೇಗೌಡರ ಪ್ರತಿಮೆ. ಯಾವ ಪಕ್ಷದವರಾದರೂ ಸರಿ, ಯಾರದು ಎತ್ತರ ಎಂಬುದೇ ಚರ್ಚೆ. ಕೆಂಪೇಗೌಡರು ಕೆರೆ ಕಟ್ಟಿಸಿದವರು ಎಂದು ನಾವು ಪಾಠ ಹೇಳುತ್ತೇವೆ. ಕೆರೆಗಳನ್ನು ಮುಚ್ಚಿ ಆಯಿತು, ಗೌಡರನ್ನು ನಿಲ್ಲಿಸಿದ್ದಾಯಿತು.

ಬೇರೆಯವರನ್ನು ಆಡಿಕೊಂಡಷ್ಟೂ ನನ್ನ ತಪ್ಪು ಕಣ್ಣ ಮುಂದೆ ಬರುತ್ತದೆ, ಅದನ್ನೂ ಹೇಳಿಬಿಡುತ್ತೇನೆ. ಹಲವು ವರ್ಷಗಳ ಹಿಂದೆ ಒಂದು ಭವನದ ಶಂಕುಸ್ಥಾಪನೆಗೆ ನಮ್ಮ ಶಾಲೆಯಿಂದ ಹುಡುಗಿಯರನ್ನು ಕಳಿಸಲು ಆದೇಶ ಬಂತು. ಪೂರ್ಣಕುಂಭ ಹಿಡಿದು ರಸ್ತೆಯ ಎರಡೂ ಬದಿ ನಿಲ್ಲಲು. ಎತ್ತರದ ಪ್ರಕಾರ ಸಾಲು ಮಾಡಿ, ಜಡೆಗೆ ಒಂದೇ ಬಣ್ಣದ ಟೇಪು ಕಟ್ಟಿಸಿ ಕರೆದುಕೊಂಡು ಹೋದವಳು ನಾನೇ. ಒಂಬತ್ತಕ್ಕೆ ಬರಬೇಕಾದವರು ಬಂದದ್ದು ಒಂದು ಗಂಟೆಗೆ. ಹನ್ನೆರಡರ ಹೊತ್ತಿಗೆ ಒಂಬತ್ತನೇ ತರಗತಿಯ ಹುಡುಗಿಯೊಬ್ಬಳು ಕೊಡದ ಸಮೇತ ಕುಸಿದಳು. ಬೆಳಿಗ್ಗೆ ಏನೂ ತಿಂದಿರಲಿಲ್ಲವಂತೆ. ನೀರು ಕುಡಿಸಿ ನೆರಳಿನಲ್ಲಿ ಕೂರಿಸಿದೆ. ಅಷ್ಟಕ್ಕೆ ಬಿಟ್ಟಿದ್ದರೆ ಇಂದು ಇಷ್ಟು ಚುಚ್ಚುತ್ತಿರಲಿಲ್ಲ. ಸಾಲಿನಲ್ಲಿ ಖಾಲಿ ಬಿದ್ದ ಜಾಗ ಚೆನ್ನಾಗಿ ಕಾಣುವುದಿಲ್ಲವೆಂದು ಹಿಂದಿನ ಸಾಲಿನಿಂದ ಇನ್ನೊಬ್ಬಳನ್ನು ತಂದು ನಿಲ್ಲಿಸಿದೆ. ಯಾರೂ ಹೇಳಿರಲಿಲ್ಲ, ನಾನಾಗಿಯೇ ನಿಲ್ಲಿಸಿದೆ. ಆ ಭವನದ ಗೋಡೆಯಲ್ಲಿ ಕಪ್ಪು ಕಲ್ಲಿನ ಫಲಕವಿದೆ. ಘನ ಉಪಸ್ಥಿತಿ, ಅಧ್ಯಕ್ಷತೆ, ಹೀಗೆ ಹದಿನೇಳು ಹೆಸರು. ಕಟ್ಟಿದ ಮೇಸ್ತ್ರಿಯ ಹೆಸರಿಲ್ಲ. ದಾಸೋಜನಿಗೆ ಸಿಕ್ಕ ಮರ್ಯಾದೆ ಒಂಬತ್ತು ನೂರು ವರ್ಷದ ಮೇಲೆ ಇವನಿಗೆ ಸಿಗಲಿಲ್ಲ.

ರಾಜರಿಲ್ಲದಿದ್ದರೆ ಇಷ್ಟು ಕಲೆ ಎಲ್ಲಿರುತ್ತಿತ್ತು ಎಂದು ನನ್ನ ತಂಗಿ ಕೇಳುತ್ತಾಳೆ. ಇರುತ್ತಿರಲಿಲ್ಲವೇನೋ. ಗುಡಿಯನ್ನು ನೋಡಬೇಡಿ ಎಂದು ನಾನು ಹೇಳಿಲ್ಲ. ಪ್ರತಿವರ್ಷ ಹೋಗುತ್ತೇನೆ, ಬಾಯಿ ಬಿಟ್ಟುಕೊಂಡೇ ನೋಡುತ್ತೇನೆ. ಬೆರಗಾದ ಮೇಲೆ ಒಂದು ಪ್ರಶ್ನೆಯಾದರೂ ಕೇಳಿ ಎಂದಷ್ಟೇ ನನ್ನ ಜಗಳ. ಇಷ್ಟೆಲ್ಲ ವಿಜಯದ ಹೆಸರಿಟ್ಟುಕೊಂಡ ಆ ದೋರಸಮುದ್ರವೂ 1311ರಲ್ಲಿ ಮಲಿಕ್ ಕಾಫರನ ದಂಡು ಬಂದಾಗ ಉಳಿಯಲಿಲ್ಲ. ಮುಂದೆ ಊರು ಬರಿದಾಗಿ, ಹಳೆಯ ಬೀಡು ಎಂಬುದೇ ಅದರ ಹೆಸರಾಯಿತು. ಹೊಯ್ಸಳೇಶ್ವರ ಗುಡಿಯ ಕೆಲಸ ಇಂದಿಗೂ ಅರ್ಧಕ್ಕೇ ನಿಂತಿದೆ.

ಕಳೆದ ವರ್ಷ ಪ್ರವಾಸದಿಂದ ಬಂದ ಮೇಲೆ ಕಿರುಪರೀಕ್ಷೆಯಲ್ಲಿ ಬೇಕೆಂದೇ ಎರಡು ಅಂಕದ ಪ್ರಶ್ನೆಯೊಂದನ್ನು ಹಾಕಿದೆ. ಬೇಲೂರಿನ ದೇವಾಲಯವನ್ನು ಕಟ್ಟಿದವರು ಯಾರು? ಹೆಚ್ಚಿನ ಮಕ್ಕಳು ವಿಷ್ಣುವರ್ಧನ ಎಂದೇ ಬರೆದರು. ಒಬ್ಬಳು ಮಾತ್ರ ಹೀಗೆ ಬರೆದಿದ್ದಳು: 'ಕಟ್ಟಿದವರು ದಾಸೋಜ, ಚಾವಣ ಮತ್ತು ಹೆಸರು ಬರೆಯದ ಇನ್ನೂ ತುಂಬಾ ಜನ. ಕಟ್ಟಿಸಿದವನು ರಾಜ. ಅಕ್ಕಿ ಕೊಟ್ಟವರು ಹಳ್ಳಿಯವರು.' ಪೂರ್ತಿ ಅಂಕ ಕೊಟ್ಟೆ. ಮಾದರಿ ಉತ್ತರದಲ್ಲಿ ಇದಿಲ್ಲವಲ್ಲ ಎಂದು ಸಮಾಜದ ಮೇಷ್ಟ್ರು ಮುಖ ಗಂಟಿಕ್ಕಿದರು. ಇನ್ನೊಬ್ಬಳು ಜಕಣಾಚಾರಿ ಎಂದು ಬರೆದಿದ್ದಳು. ಅರ್ಧ ಅಂಕ ಕೊಟ್ಟೆ. ಮರುದಿನ ಅವಳ ತಾಯಿ ಉತ್ತರ ಪತ್ರಿಕೆ ಹಿಡಿದುಕೊಂಡು ಸ್ಟಾಫ್ ರೂಮಿಗೇ ಬಂದರು. ಜಕಣಾಚಾರಿ ಕಟ್ಟಿಲ್ಲ ಎನ್ನಲು ನೀವ್ಯಾರು ಎಂದು ಮುಕ್ಕಾಲು ಗಂಟೆ ನನ್ನನ್ನು ಬೈದರು. ಗಂಟೆ ಹೊಡೆದರೂ ಈ ಸಲ ನಾನು ಎದ್ದು ಹೋಗಲಿಲ್ಲ.